ಮೂರು ಯಂತ್ರ, ಒಂದು ಬಾಚಣಿಗೆ

ಅತ್ತೆಯ ಮೇಲೆ ಕಣ್ಣಿಡಲು ಆ ಮನೆಗೆ ಮೂರು ಯಂತ್ರಗಳು ಬಂದವು. ಅಲ್ಲಿಯವರೆಗೆ ಆ ಕೆಲಸವನ್ನು ಸೊಸೆ ಒಬ್ಬಳೇ ಮಾಡುತ್ತಿದ್ದಳು. ಅವಳಿಗೆ ಸಂಬಳವೂ ಇರಲಿಲ್ಲ, ಕರೆಂಟೂ ಬೇಕಿರಲಿಲ್ಲ.

ಅತ್ತೆಯ ಹೃದಯ ದಣಿದಿದೆ, ಮೈಯಲ್ಲಿ ನೀರು ತುಂಬಿಕೊಳ್ಳುತ್ತದೆ, ಆಸ್ಪತ್ರೆಯಲ್ಲೇ ಇಟ್ಟುಕೊಳ್ಳಬೇಕಾಗಿಲ್ಲ, ಹಾಗಂತ ಬಿಟ್ಟುಬಿಡುವಂತೆಯೂ ಇಲ್ಲ ಎಂದು ಡಾಕ್ಟರು ಹೇಳಿದ್ದರು. ಅದಕ್ಕೆ ಆಸ್ಪತ್ರೆಯವರು ಕಂಡುಕೊಂಡ ದಾರಿ ಈ ಯಂತ್ರಗಳು. ಒಂದು ಕೈಗೆ ಕಟ್ಟುವ ಪಟ್ಟಿ, ಅದು ನಾಡಿ ನೋಡುತ್ತದೆ, ನಡೆದ ಹೆಜ್ಜೆ ಎಣಿಸುತ್ತದೆ. ಇನ್ನೊಂದು ಹಾಸಿಗೆಯ ಕೆಳಗೆ ಹಾಸುವ ತೆಳ್ಳನೆಯ ಚಾಪೆ, ಅದು ಮಲಗಿದವರ ಉಸಿರನ್ನು ಕೇಳಿಸಿಕೊಳ್ಳುತ್ತದೆ. ಮತ್ತೊಂದು ಬೆಳಿಗ್ಗೆ ಎದ್ದು ಹತ್ತಿ ನಿಲ್ಲುವ ತೂಕದ ಯಂತ್ರ.

ತಂದ ಟೆಕ್ನಿಷಿಯನ್ ಒಂದು ಪುಟ್ಟ ಡಬ್ಬಿಯನ್ನು ಗೋಡೆಗೆ ಸಿಕ್ಕಿಸುತ್ತ ವಿವರಿಸಿದ. "ಇವುಗಳಲ್ಲಿ ಒಂದನ್ನೇ ನಂಬಿದ್ರೆ ಕೆಟ್ವಿ. ಪಟ್ಟಿ ಸಡಿಲ ಆದ್ರೆ ನಾಡಿ ತಪ್ಪು ತೋರಿಸುತ್ತೆ. ಹೊಟ್ಟೆ ತುಂಬ ನೀರು ಕುಡಿದ್ರೆ ತೂಕ ಏರುತ್ತೆ. ಅದಕ್ಕೇ ಈ ಡಬ್ಬಿ ಎಲ್ಲದರ ಮಾತನ್ನೂ ಒಟ್ಟಿಗೆ ಕೇಳಿ ತೀರ್ಮಾನ ಮಾಡೋದು. ಸರಿ ಇದ್ರೆ ಫೋನಲ್ಲಿ ಹಸಿರು. ಏನೋ ಎಡವಟ್ಟು ಅನ್ಸಿದ್ರೆ ಹಳದಿ. ಕೆಂಪು ಬಂದ್ರೆ ಓಡಿಬನ್ನಿ."

"ಎತ್ತು ಏರಿಗೆಳೀತು, ಕೋಣ ನೀರಿಗೆಳೀತು ಅಂದ್ರೆ?" ಎಂದು ಅತ್ತೆ ಮಲಗಿದಲ್ಲಿಂದಲೇ ಕೇಳಿದಳು.

"ಆಗ ಹಳದಿ, ಅಜ್ಜಿ."

ಹೊರಡುವಾಗ ಅವನು ಬಾಗಿಲಲ್ಲಿ ನಿಂತು, ಎಚ್ಚರಿಕೆ ಮೊದಲು ಯಾರ ಫೋನಿಗೆ ಹೋಗಬೇಕು ಎಂದು ಕೇಳಿದ. ಮಗ ಒಂದು ಕ್ಷಣವೂ ಯೋಚಿಸದೆ ಹೆಂಡತಿಯ ನಂಬರು ಕೊಟ್ಟ. ಎರಡನೆಯದಾಗಿ ತಂಗಿಯ ನಂಬರು ಕೊಟ್ಟ. ಅವನದು?

"ನಂದು ಬೇಡ. ಅಂಗಡೀಲಿ ಗಿರಾಕಿಗಳಿರ್ತಾರೆ."

ಅವನು ಕೆಲಸ ಮಾಡುವ ಬಣ್ಣದ ಅಂಗಡಿ ಹಿಂದಿನ ಬೀದಿಯಲ್ಲಿತ್ತು. ಮನೆಯಲ್ಲಿ ಹಾಲು ಉಕ್ಕಿದರೆ ಅವನಿಗೆ ವಾಸನೆ ಹೋಗುವಷ್ಟು ಹತ್ತಿರ. ಸೊಸೆ ಹೋಗುತ್ತಿದ್ದ ಹೊಲಿಗೆ ಕಾರ್ಖಾನೆಗೆ ಬಸ್ಸು ಹತ್ತಬೇಕಿತ್ತು. ಆದರೂ ಅವಳು ಅಂದು ಒಲೆಯ ಮೇಲೆ ಬೇಯುತ್ತಿದ್ದ ಬೇಳೆ ನೋಡಲು ಒಳಗೆ ಹೋದಳು.

ಆ ಬೇಳೆಗೆ ಉಪ್ಪು ಹಾಕುವಂತಿರಲಿಲ್ಲ. ಅತ್ತೆ ಒಂದು ತುತ್ತು ಬಾಯಿಗಿಟ್ಟು, ನುಂಗದೆ, ಸೊಸೆಯ ಮುಖವನ್ನೇ ನೋಡಿದಳು.

"ಉಪ್ಪಿಗಿಂತ ರುಚಿಯಿಲ್ಲ, ತಾಯಿಗಿಂತ ಬಂಧುವಿಲ್ಲ ಅಂತಾರೆ. ಉಪ್ಪನ್ನ ನೀವು ಕಿತ್ಕೊಂಡ್ರಿ. ತಾಯೀನ ಅವಳು ಮರ್ತಳು."

ಅವಳು ಎಂದರೆ ಮಗಳು. ರೈಲಿನಲ್ಲಿ ಅರ್ಧ ದಿನದ ದೂರದಲ್ಲಿ, ಒಂದು ದೊಡ್ಡ ಹೋಟೆಲಿನ ಬಟ್ಟೆ ಒಗೆಯುವ ವಿಭಾಗ ನೋಡಿಕೊಳ್ಳುತ್ತಿದ್ದಳು. ಕೆಟ್ಟವಳಲ್ಲ. ಹೋಟೆಲಿನ ಹಾಸಿಗೆ ಹೊದಿಕೆಗಳೆಲ್ಲ ಅವಳ ತಲೆಯ ಮೇಲೆ. ಬಿಡುವಾದಾಗ ಫೋನ್ ಮಾಡುತ್ತೇನೆ ಎನ್ನುತ್ತಿದ್ದಳು, ಬಿಡುವು ಎಂಬುದು ಆಗುತ್ತಲೇ ಇರಲಿಲ್ಲ.

ಮೊದಲ ಕೆಂಪು ಬಂದದ್ದು ಆ ವಾರವೇ. ಸೊಸೆ ಕಟಿಂಗ್ ಟೇಬಲ್ಲಿನ ಮುಂದೆ ನಿಂತಿದ್ದಳು. ಶಾಲೆಯ ಯೂನಿಫಾರಂ ಹೊಲಿಯುವ ಕಾರ್ಖಾನೆ ಅದು. ಗುಂಡಿ ಹಚ್ಚುವ ಬೆಂಚಿನಿಂದ ಆ ಟೇಬಲ್ಲಿನವರೆಗೆ ಬರಲು ಅವಳಿಗೆ ವರ್ಷಗಳೇ ಹಿಡಿದಿದ್ದವು. ಅವಳು ಕತ್ತರಿಸಿ ಕೊಟ್ಟರೆ ಮಾತ್ರ ಉಳಿದವರ ಮಿಷನ್ನು ಓಡುವುದು. ಅವಳು ಟೇಬಲ್ ಬಿಟ್ಟು ಓಡಿದರೆ ಇಡೀ ಸಾಲು ಕೈಕಟ್ಟಿ ಕೂರುತ್ತಿತ್ತು. ಫೋನ್ ಕೂಗಿದ್ದೇ ತಡ, ಕತ್ತರಿಯನ್ನು ಅಲ್ಲೇ ಇಟ್ಟು ಓಡಿದಳು.

ಮನೆಯಲ್ಲಿ ಅತ್ತೆ ಕುರ್ಚಿಯಲ್ಲಿ ನೆಟ್ಟಗೆ ಕೂತು ಮಗಳೊಂದಿಗೆ ವೀಡಿಯೊದಲ್ಲಿ ನಗುತ್ತಿದ್ದಳು. ಇಳಿವಯಸ್ಸಿನ ತೆಳ್ಳನೆ ಕೂದಲನ್ನು ನೀಟಾಗಿ ಬಾಚಿ ತುರುಬು ಕಟ್ಟಿಕೊಂಡಿದ್ದಳು.

"ಪಟ್ಟಿ ಜಾರಿತ್ತು ಅನ್ಸುತ್ತೆ, ಮತ್ತೆ ಕಟ್ಕೊಂಡೆ," ಎಂದಳು ಮಗಳಿಗೆ. ಬಾಗಿಲಲ್ಲಿ ಏದುಸಿರು ಬಿಡುತ್ತಿದ್ದ ಸೊಸೆಯನ್ನು ನೋಡಿ, "ಇದೇನೇ ಇಷ್ಟು ಬೇಗ ಬಂದೆ?" ಎಂದಳು.

ರೋಗಿಯನ್ನು ಗಾಬರಿಪಡಿಸಬೇಡಿ ಎಂದು ಡಾಕ್ಟರು ಒತ್ತಿ ಹೇಳಿದ್ದರು. ಸೊಸೆ ಉಸಿರು ನುಂಗಿ, "ಊಟದ ಡಬ್ಬಿ ಮರೆತಿದ್ದೆ ಅತ್ತೆ," ಎಂದಳು.

ಮುಂದಿನ ವಾರ ಕೊಡೆ ಮರೆತಳು. ಅದರಾಚೆಗೆ ಕನ್ನಡಕ. ಒಮ್ಮೆ ಏನು ಮರೆತೆನೆಂದು ಹೇಳುವುದನ್ನೇ ಮರೆತು ಸುಮ್ಮನೆ ನಿಂತಳು. ಪ್ರತಿ ಸಲವೂ ಮಧ್ಯಾಹ್ನ ಅತ್ತೆ ಮಲಗುವ ಹೊತ್ತಿಗೇ ಕೆಂಪು. ಕೈಪಟ್ಟಿಯಲ್ಲಿ ನಾಡಿಯಿಲ್ಲ, ಹಾಸಿಗೆಯಲ್ಲಿ ಮನುಷ್ಯರಿಲ್ಲ, ಎಲ್ಲೋ ಬಿದ್ದಿರಬೇಕು ಎಂದು ಡಬ್ಬಿ ಎರಡನ್ನೂ ಕೂಡಿಸಿ ಕೂಗುತ್ತಿತ್ತು.

"ನಾಳೆ ತಲೇನೇ ಮರೆತು ಹೋಗ್ತೀಯ ನೀನು," ಎಂದಳು ಅತ್ತೆ. ಮಗಳಿಗೂ ಹೇಳಿದಳು, ನಿಮ್ಮ ಅತ್ತಿಗೆಗೆ ಈಚೆಗೆ ಮರೆವು ಜಾಸ್ತಿಯಾಗಿದೆ ಅಂತ.

ಕಾರ್ಖಾನೆಯ ಯಜಮಾನಿ ಒಳ್ಳೆಯವಳು, ಆದರೆ ಒಳ್ಳೆಯತನಕ್ಕೂ ಒಂದು ಮಿತಿಯಿರುತ್ತದೆ. "ನಿಮ್ಮ ಕಷ್ಟ ನನಗೂ ಅರ್ಥವಾಗುತ್ತೆ. ಶಾಲೆಯವರಿಗೆ ಅರ್ಥವಾಗಲ್ಲ. ಇನ್ನೊಂದು ಸಲ ಹೀಗೆ ಎದ್ದು ಹೋದ್ರೆ ಟೇಬಲ್ಲಿಗೆ ಬೇರೆಯವರನ್ನ ಹಾಕ್ತೀನಿ. ಆಮೇಲೆ ಬೇಜಾರು ಮಾಡ್ಕೋಬೇಡಿ."

ಆ ಸಂಜೆಯೇ ನಾದಿನಿಯ ಫೋನು ಬಂತು.

"ಅತ್ತಿಗೆ, ಇಷ್ಟು ಸಲ ಕೆಂಪು ಬರ್ತಿದೆ. ಅಮ್ಮನ್ನ ಒಬ್ಬಳನ್ನೇ ಬಿಟ್ಟು ಹೋಗೋಕೆ ನಿಮಗೆ ಮನಸ್ಸಾದ್ರೂ ಹೇಗೆ ಬರುತ್ತೆ? ಆ ಕೆಲಸ ಬಿಟ್ಟುಬಿಡಿ."

"ನೀನು ಬಿಡ್ತೀಯೇನಮ್ಮ ನಿನ್ನ ಕೆಲಸಾನ?"

"ನನ್ನದು ಬೇರೆ."

"ಹೌದಮ್ಮ. ನಿನ್ನದು ಒಗೆಯೋದು, ನನ್ನದು ಕತ್ತರಿಸೋದು. ಬೇರೇನೇ."

ನಾದಿನಿ ಫೋನ್ ಇಟ್ಟುಬಿಟ್ಟಳು. ಗಂಡ ತಟ್ಟೆಯ ಮೇಲೆ ಕಣ್ಣಿಟ್ಟು, ರೊಟ್ಟಿಯನ್ನು ಸಣ್ಣಸಣ್ಣ ಚೂರು ಮಾಡುತ್ತಿದ್ದ. ಅವನು ತಂಗಿಗೂ ಹೌದು, ಹೆಂಡತಿಗೂ ಹೌದು ಎನ್ನುವ ಮನುಷ್ಯ.

"ಸ್ವಲ್ಪ ದಿನ ಬಿಟ್ಟರೆ ಏನಾಗುತ್ತೆ?" ಎಂದ ಕೊನೆಗೆ.

"ರೀ, ನಿಮ್ಮ ಅಂಗಡಿಯಿಂದ ಇಲ್ಲಿಗೆ ಬರೋಕೆ ಚಪ್ಪಲಿ ಕೂಡ ಬೇಡ. ನಿಮ್ಮ ನಂಬರ್ ಯಾಕೆ ಕೊಡಲಿಲ್ಲ?"

"ನಾನು ಬಂದು ಏನು ಮಾಡ್ಲಿ? ನನಗೇನು ಗೊತ್ತಾಗುತ್ತೆ?"

"ನನಗೆ ಯಾರು ಹೇಳಿಕೊಟ್ರು?"

ಅವನು ಕೈತೊಳೆಯಲು ಎದ್ದ. ಸೊಸೆಗೆ ಅಂದು ಅಳು ಬಂತು. ಅತ್ತೆಗೆ ಕೇಳಿಸಬಾರದೆಂದು ನಲ್ಲಿ ಬಿಟ್ಟುಕೊಂಡು, ತೊಳೆದ ಪಾತ್ರೆಗಳನ್ನೇ ಮತ್ತೊಮ್ಮೆ ತೊಳೆದಳು.

ಇದಾದ ಕೆಲವೇ ದಿನಗಳಲ್ಲಿ ಕಾರ್ಖಾನೆಯಲ್ಲಿ ಕರೆಂಟು ಹೋಯಿತು. ಸಂಜೆಯವರೆಗೆ ಬರುವುದಿಲ್ಲ ಎಂದು ಎಲ್ಲರನ್ನೂ ಮನೆಗೆ ಕಳಿಸಿದರು. ಸೊಸೆ ಅತ್ತೆಯ ನಿದ್ದೆ ಕೆಡಬಾರದೆಂದು ಮೆಲ್ಲಗೆ ಬೀಗ ತೆಗೆದು, ಚಪ್ಪಲಿ ಕೈಯಲ್ಲಿ ಹಿಡಿದು ಒಳಗೆ ಬಂದಳು. ಮಲಗುವ ಕೋಣೆಯ ಬಾಗಿಲು ತೆರೆದಿತ್ತು. ಅತ್ತೆ ಬೀರುವಿನ ಕನ್ನಡಿಯ ಮುಂದೆ ನಿಂತು ತಲೆ ಬಾಚುತ್ತಿದ್ದಳು. ಬಾಚಿ, ತುರುಬು ಕಟ್ಟಿ, ಸೆರಗಿನ ತುದಿಯಿಂದ ಮುಖ ಒರೆಸಿಕೊಂಡಳು. ಆಮೇಲೆ ಕೈಪಟ್ಟಿಯನ್ನು ಬಿಚ್ಚಿ ಕಿಟಕಿಯ ಮೇಲಿಟ್ಟು, ಕುರ್ಚಿಯಲ್ಲಿ ಕೂತು, ಫೋನನ್ನು ತೊಡೆಯ ಮೇಲಿಟ್ಟುಕೊಂಡು ಕಾಯತೊಡಗಿದಳು.

ಸೊಸೆಗೆ ಎಲ್ಲ ಒಟ್ಟಿಗೆ ನೆನಪಾಯಿತು. ಕೆಂಪು ಬಂದ ಒಂದೊಂದು ಮಧ್ಯಾಹ್ನವೂ ಆ ತುರುಬು ಹೀಗೇ ನೀಟಾಗಿತ್ತು.

"ಅತ್ತೆ."

ಅತ್ತೆ ಬೆಚ್ಚಿಬಿದ್ದಳು. "ಕೆಲಸಕ್ಕೆ ಹೋಗ್ಲಿಲ್ವೇನೇ?"

"ಕರೆಂಟಿಲ್ಲ, ವಾಪಸ್ ಕಳಿಸಿದ್ರು. ಪಟ್ಟಿ ಯಾಕೆ ಬಿಚ್ಚಿದ್ರಿ?"

"ಕೈ ತುರಿಸ್ತಿತ್ತು."

"ತಲೆ ಯಾಕೆ ಬಾಚ್ಕೊಂಡ್ರಿ?"

ಅತ್ತೆ ಬಾಯಿ ತೆರೆಯುವಷ್ಟರಲ್ಲಿ ಎರಡು ಫೋನು ಒಂದರ ಬೆನ್ನಿಗೊಂದು ಕೂಗಿದವು. ತೊಡೆಯ ಮೇಲಿನ ಫೋನಿನಲ್ಲಿ ಮಗಳ ಮುಖ. ಸೊಸೆಯ ಚೀಲದಲ್ಲಿ ಕೆಂಪು, ಕಿವಿ ಕಿತ್ತುಹೋಗುವ ಹಾಗೆ.

"ಅದ್ಯಾಕೆ ನಿನ್ನ ಫೋನೂ ಬಡ್ಕೊಳ್ತಿದೆ?" ಎಂದು ಅತ್ತೆ ಕೇಳಿದಳು.

"ಮೊದಲು ಬಡ್ಕೊಳ್ಳೋದೇ ನಂದು. ನಿಮ್ಮ ಮಗ ನನ್ನ ನಂಬರನ್ನೇ ಮೊದಲು ಕೊಟ್ಟಿದ್ದು."

ಅತ್ತೆ ಮಗಳ ಕರೆಯನ್ನು ತೆಗೆಯಲಿಲ್ಲ. ಅದು ಕೂಗಿ ಕೂಗಿ ನಿಂತಿತು. ಅವಳು ಸೊಸೆಯನ್ನೇ ನೋಡುತ್ತಿದ್ದಳು.

"ಹಾಗಾದ್ರೆ ಆ ಊಟದ ಡಬ್ಬಿ, ಕೊಡೆ?"

"ಯಾವುದೂ ಮರೆತಿರಲಿಲ್ಲ ಅತ್ತೆ. ನೀವು ಬಿದ್ದಿದ್ದೀರಿ ಅಂತ ಓಡಿಬರ್ತಿದ್ದೆ. ಇನ್ನೊಂದು ಸಲ ಬಂದ್ರೆ ಟೇಬಲ್ಲು ಬೇರೆಯವರಿಗೆ ಅಂದಿದ್ದಾರೆ."

"ನನಗೊಂದು ಮಾತು ಹೇಳಬಾರದಿತ್ತೇನೇ?"

"ನಿಮಗೆ ಗಾಬರಿ ಆಗಬಾರದು ಅಂತ ಡಾಕ್ಟರು ಹೇಳಿದ್ರಲ್ಲ."

ಅತ್ತೆ ತಲೆ ತಗ್ಗಿಸಿದಳು. ಮುಖದಲ್ಲಿ ನಾಚಿಕೆಯೂ ಇತ್ತು, ಸಿಟ್ಟೂ ಇತ್ತು, ಸಿಟ್ಟು ಯಾರ ಮೇಲೆ ಎಂದು ಅವಳಿಗೇ ಗೊತ್ತಿರಲಿಲ್ಲ. ಮದುವೆಗೆ ಮುಂಚಿನಿಂದ ನಿವೃತ್ತಿಯವರೆಗೂ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ದುಡಿದವಳು ಅವಳು.

"ಮೊದಲ ಸಲ ಸ್ನಾನಕ್ಕೆ ಹೋಗುವಾಗ ಪಟ್ಟಿ ಬಿಚ್ಚಿಟ್ಟಿದ್ದೆ, ನೀವೆಲ್ಲ ಬೈತೀರಿ ಅಂತ ಜಾರಿತ್ತು ಅಂದೆ. ಮೈ ಒರೆಸ್ಕೊಂಡು ಬರೋಷ್ಟರಲ್ಲಿ ಅವಳ ಫೋನು. ಅಮ್ಮಾ, ಅಮ್ಮಾ, ಹುಷಾರಾಗಿದ್ದೀಯಾ ಅಂತ. ಎಷ್ಟು ದಿನ ಆಗಿತ್ತು ಗೊತ್ತಾ ಆ ದನಿ ಕೇಳಿ? ಜೀವಮಾನವೆಲ್ಲ ಯಾರ್ಯಾರದೋ ತಾಯಿ ಮಕ್ಕಳಿಗೆ ಲೈನು ಕೊಟ್ಟೆ ನಾನು. ನನಗೊಂದು ಲೈನು ಸಿಗಬೇಕಾದ್ರೆ ಸತ್ತ ಹಾಗೆ ಮಾಡ್ಬೇಕು."

ಸೊಸೆ ಬೈಯಬೇಕೆಂದೇ ಬಾಯಿ ತೆರೆದಿದ್ದಳು. ಆದರೆ ಕಿಟಕಿಯ ಮೇಲಿದ್ದ ಪಟ್ಟಿಯನ್ನು ತಂದು ಅತ್ತೆಯ ಕೈಗೆ ಕಟ್ಟಿ, "ಇನ್ನು ಬಿಚ್ಚಬೇಡಿ," ಎಂದಷ್ಟೇ ಹೇಳಿದಳು.

"ಇಲ್ಲ. ನಿನ್ನಾಣೆಗೂ ಇಲ್ಲ."

ಸೊಸೆ ನಾದಿನಿಗೆ, ಅಮ್ಮ ಹುಷಾರಾಗಿದ್ದಾರೆ ಎಂದು ಮೆಸೇಜು ಕಳಿಸಿದಳು. ಅಷ್ಟಕ್ಕೇ ಮುಗಿದಿದ್ದರೆ ಚೆನ್ನಾಗಿತ್ತು. ಆದರೆ ಯಂತ್ರ ಕೆಟ್ಟಿರಬಹುದೆಂದು ನಾದಿನಿ ಅದಾಗಲೇ ಆಸ್ಪತ್ರೆಗೆ ದೂರು ಕೊಟ್ಟಿದ್ದಳು. ಟೆಕ್ನಿಷಿಯನ್ ಪರೀಕ್ಷೆ ಮಾಡಿ, ಯಂತ್ರ ಸರಿಯಾಗಿದೆ, ಪಟ್ಟಿಯನ್ನು ಪ್ರತಿ ಸಲವೂ ಕೈಯಿಂದಲೇ ಬಿಚ್ಚಲಾಗಿದೆ ಎಂದು ಉತ್ತರ ಕಳಿಸಿದ. ನಾದಿನಿ ಸಿಟ್ಟಿನಲ್ಲಿ ಫೋನ್ ಮಾಡಿದಳು.

"ನಾನಿಲ್ಲಿ ಎದೆ ಒಡ್ಕೊಂಡು ಸಾಯ್ತೀನಿ, ನೀನಲ್ಲಿ ನಾಟಕ ಆಡ್ತೀಯಾ? ಎಷ್ಟು ಸಲ ಕೆಲಸದ ಮಧ್ಯೆ ಅತ್ತಿದ್ದೀನಿ ಗೊತ್ತಾ ಅಮ್ಮ?"

ಅತ್ತೆ ಯಾಕೆ ಹಾಗೆ ಮಾಡಿದೆನೆಂದು ಹೇಳಲಿಲ್ಲ. ಸೊಸೆಯ ಮುಂದೆ ಹೇಳಿದ್ದನ್ನು ಮಗಳಿಗೆ ಹೇಳಲು ಅವಳ ಅಭಿಮಾನ ಬಿಡಲಿಲ್ಲ. "ತಪ್ಪಾಯ್ತು," ಎಂದು ಫೋನ್ ಇಟ್ಟಳು. ಅಂದಿನಿಂದ ಮಗಳ ಕರೆಯೂ ನಿಂತಿತು.

ಆಮೇಲೆ ವಾರಗಟ್ಟಲೆ ಬರೀ ಹಸಿರು. ಸೊಸೆ ನೆಮ್ಮದಿಯಿಂದ ಬಟ್ಟೆ ಕತ್ತರಿಸಿದಳು, ಯಜಮಾನಿಯ ಮುಖದಲ್ಲಿ ನಗು ಕಂಡಿತು. ಮನೆಯಲ್ಲಿ ಅತ್ತೆ ಉಪ್ಪಿಲ್ಲದ್ದನ್ನು ಗೊಣಗದೆ ತಿನ್ನುತ್ತಿದ್ದಳು. ಗೊಣಗದೇ ಇದ್ದದ್ದೇ ಸರಿಯಿರಲಿಲ್ಲ, ಆದರೆ ಗೊಣಗಾಟ ನಿಂತರೆ ಯಾವ ಸೊಸೆ ತಾನೆ ಕಾರಣ ಕೇಳುತ್ತಾಳೆ?

ಹಳದಿ ಬಂದದ್ದು ಕೆಲಸದ ಒತ್ತಡ ನೆತ್ತಿಗೇರಿದ ದಿನ. ಶಾಲೆ ತೆರೆಯುವ ಹೊತ್ತು, ಟೇಬಲ್ಲಿನ ಮೇಲೆ ಪದರ ಪದರವಾಗಿ ಬಟ್ಟೆ ಹಾಸಿತ್ತು. ಸೊಸೆ ಫೋನ್ ನೋಡಿದಳು. ಪಟ್ಟಿ ಕೈಯಲ್ಲೇ ಇದೆ. ತೂಕ ದಿನದಿನಕ್ಕೆ ಒಂದಿಷ್ಟು ಏರಿದೆ. ಮಲಗಿದಾಗ ಉಸಿರು ಮೊದಲಿಗಿಂತ ಚುರುಕು. ಹೆಜ್ಜೆಗಳು ಕಡಿಮೆಯಾಗಿವೆ. ಬಿಡಿಬಿಡಿಯಾಗಿ ನೋಡಿದರೆ ಯಾವುದೂ ದೊಡ್ಡದಲ್ಲ. ಡಬ್ಬಿ ಮಾತ್ರ ಎಲ್ಲವನ್ನೂ ಕೂಡಿಸಿ, ಏನೋ ಎಡವಟ್ಟಾಗಿದೆ ಎನ್ನುತ್ತಿತ್ತು.

ಗಂಡನಿಗೆ ಫೋನ್ ಮಾಡಿದಳು, ಅವನು ಎತ್ತಲಿಲ್ಲ. ನಾದಿನಿಗೆ ಮಾಡಿದಳು.

"ನೋಡಿದೆ ಅತ್ತಿಗೆ. ಕೆಂಪು ಹೋಗಿ ಹಳದಿ ಶುರುವಾಗಿದೆ. ಹೊಸ ನಾಟಕ. ನೀವು ಕೆಲಸ ಮಾಡ್ಕೊಳ್ಳಿ."

ಸೊಸೆಗೂ ಅದು ನಾಟಕವೇ ಆಗಿರಲಿ ಅನ್ನಿಸಿತು. ಹಾಗೇ ಇದ್ದರೆ ಟೇಬಲ್ಲು ಉಳಿಯುತ್ತಿತ್ತು. ಆದರೂ ಅತ್ತೆಗೆ ವೀಡಿಯೊ ಕರೆ ಮಾಡಿದಳು. ಬಹಳ ಹೊತ್ತಿನ ಮೇಲೆ ಅತ್ತೆ ಎತ್ತಿಕೊಂಡಳು.

"ನಾನೇನೂ ಮುಟ್ಟಿಲ್ಲ ಕಣೇ," ಎಂದಳು ಮೊದಲಿಗೇ. "ಪಟ್ಟಿ ಕೈಯಲ್ಲೇ ಇದೆ, ನೋಡು. ಏನೂ ಆಗಿಲ್ಲ ನನಗೆ. ನೀನು ಬರಬೇಡ."

ಎರಡು ದಿಂಬಿಗೆ ಒರಗಿದ್ದಳು. ಕೂದಲು ಕೆದರಿ ಹಣೆಯ ಮೇಲೆ, ಕೆನ್ನೆಯ ಮೇಲೆ ಬಿದ್ದಿತ್ತು. ತುರುಬು ಕಟ್ಟಿ ಎಷ್ಟು ದಿನವಾಗಿತ್ತೋ, ಈಚೆಗೆ ಕತ್ತಲಲ್ಲೇ ಹೋಗಿ ಕತ್ತಲಲ್ಲೇ ಬರುತ್ತಿದ್ದ ಸೊಸೆ ಗಮನಿಸಿರಲಿಲ್ಲ. ನಾಟಕಕ್ಕೆ ಕೂತ ಅತ್ತೆ ಹೀಗಿರುತ್ತಿರಲಿಲ್ಲ. ಸೊಸೆ ಯಜಮಾನಿಯ ಬಳಿಗೆ ಹೋದಳು.

"ಮೇಡಂ, ಹೋಗಬೇಕು."

"ಹೋದ್ರೆ ಟೇಬಲ್ಲು..."

"ಗೊತ್ತು," ಎಂದು ಕತ್ತರಿಯನ್ನು ಯಜಮಾನಿಯ ಕೈಗೇ ಕೊಟ್ಟು ಹೊರಟಳು.

ಅತ್ತೆಯ ಕಾಲು ಒತ್ತಿದರೆ ಗುಳಿ ಬೀಳುತ್ತಿತ್ತು. ಒಂದು ವಾಕ್ಯ ಮುಗಿಸಲು ಎರಡು ಸಲ ಉಸಿರೆಳೆದುಕೊಳ್ಳುತ್ತಿದ್ದಳು. ಎಷ್ಟು ದಿನದಿಂದ ಹೀಗೆ ಎಂದು ಕೇಳಿದರೆ, "ಒಂದ್ಸಲ ಸುಳ್ಳಿ ಅನ್ನಿಸ್ಕೊಂಡವಳು ಯಾವ ಬಾಯಲ್ಲಿ ಹೇಳ್ಲಿ?" ಎಂದಳು. ಸೊಸೆ ಬಣ್ಣದ ಅಂಗಡಿಗೆ ಬರಿಗಾಲಲ್ಲೇ ಓಡಿ, ಗಿರಾಕಿಗಳೆದುರೇ ಗಂಡನನ್ನು ಎಬ್ಬಿಸಿಕೊಂಡು ಬಂದಳು. ಇಬ್ಬರೂ ಸೇರಿ ಆಸ್ಪತ್ರೆಗೆ ಸೇರಿಸಿದರು. ಮೈಯ ನೀರು ಇಳಿಯಲು ಇಂಜೆಕ್ಷನ್ ಕೊಟ್ಟ ಡಾಕ್ಟರು, ಇನ್ನು ಸ್ವಲ್ಪ ತಡವಾಗಿದ್ದರೆ ಕಷ್ಟವಿತ್ತು ಎಂದರು.

ಮರುದಿನ ನಾದಿನಿ ಬಂದಳು. ಮಲಗಿದ್ದ ತಾಯಿಯನ್ನು ಬಾಗಿಲಿನಿಂದಲೇ ನೋಡಿ ಒಳಗೆ ಹೋಗಲಾರದೆ, ಕಾರಿಡಾರಿನ ಬೆಂಚಿನ ಮೇಲೆ ಅತ್ತಿಗೆಯ ಪಕ್ಕ ಕೂತಳು.

"ನಿಮಗೆ ಹೇಗೆ ಗೊತ್ತಾಯ್ತು ಅತ್ತಿಗೆ, ನಾಟಕ ಅಲ್ಲ ಅಂತ?"

"ತಲೆ ಬಾಚಿರಲಿಲ್ಲ."

"ಅಂದ್ರೆ?"

"ಪಟ್ಟಿ ಬಿಚ್ಚೋ ಮುಂಚೆ ನಿಮ್ಮಮ್ಮ ತಲೆ ಬಾಚ್ಕೊಳ್ತಿದ್ರು. ನೀನು ಫೋನ್ ಮಾಡ್ತೀಯಲ್ಲ, ಚೆನ್ನಾಗಿ ಕಾಣಬೇಕು ಅಂತ. ಪಟ್ಟಿ ಬಿಚ್ತಿದ್ದಿದ್ದೂ ನಿನ್ನ ಫೋನು ಬರಲಿ ಅಂತಾನೇ."

ನಾದಿನಿ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಸೊಸೆ ಅವಳ ಬೆನ್ನ ಮೇಲೆ ಕೈಯಿಟ್ಟಳು. ಅವಳ ಮೇಲೆ ಇನ್ನೂ ಸಿಟ್ಟಿತ್ತು, ಆದರೂ ಕೈಯನ್ನು ತೆಗೆಯಲಿಲ್ಲ.

ಅತ್ತೆ ಮನೆಗೆ ಬಂದ ದಿನ ಟೆಕ್ನಿಷಿಯನ್ ಮತ್ತೆ ಬಂದ. ಸೊಸೆ ಅವನನ್ನು ಬಾಗಿಲಲ್ಲೇ ಹಿಡಿದಳು. "ಮೊದಲನೇ ನಂಬರು ಇವರದು ಮಾಡಿ. ಎರಡನೇದು ಮಗಳದು. ನಂದು ಮೂರನೇದು."

ಗಂಡ ಏನೋ ಹೇಳಲು ಬಾಯಿ ತೆರೆದ. ಒಳಗಿನಿಂದ ಅತ್ತೆಯ ದನಿ ಬಂತು. "ಗಿರಾಕಿ ಇರ್ತಾರೆ ಅಂತ ಹೇಳಿ ನೋಡು, ನಾನೇ ಬರ್ತೀನಿ ಅಂಗಡಿಗೆ." ಅವನು ನಂಬರು ಹೇಳಿದ.

ಸೊಸೆಯನ್ನು ಕಾರ್ಖಾನೆಯಲ್ಲಿ ಮತ್ತೆ ಗುಂಡಿಯ ಬೆಂಚಿಗೆ ಕೂರಿಸಿದರು. ಅವಳು ಬಾಯಿ ಮುಚ್ಚಿಕೊಂಡು ಗುಂಡಿ ಹಚ್ಚಿದಳು. ಅವಳ ಜಾಗಕ್ಕೆ ಬಂದವನು ಒಂದು ದಿನ ಬಟ್ಟೆ ಮಡಿಸುವುದರಲ್ಲಿ ತಪ್ಪಿ, ರಾಶಿ ಶರ್ಟುಗಳಿಗೆ ಎಡಗೈ ತೋಳುಗಳನ್ನೇ ಕತ್ತರಿಸಿಟ್ಟ. ಯಜಮಾನಿ ಕತ್ತರಿಯನ್ನು ತಂದು ಅವಳ ಮುಂದಿಟ್ಟಳು. ಆ ಸಂಜೆ ಸೊಸೆ ಅಡುಗೆ ಮಾಡುತ್ತ ಅದನ್ನು ಹೇಳಿದಾಗ ಅತ್ತೆ ಕೆಮ್ಮು ಬರುವಷ್ಟು ನಕ್ಕಳು.

ವಾರದ ರಜೆಯ ದಿನ ಇಬ್ಬರೂ ಬಟಾಣಿ ಬಿಡಿಸುತ್ತ ಕೂತಿದ್ದರು. ಅತ್ತೆ ಇನ್ನೂ ಸ್ನಾನ ಮಾಡಿರಲಿಲ್ಲ, ತಲೆ ಗುಬ್ಬಿಗೂಡಾಗಿತ್ತು. ಫೋನ್ ಕೂಗಿತು. ಇಬ್ಬರೂ ಮೊದಲು ನೋಡಿದ್ದು ಅತ್ತೆಯ ಕೈಯನ್ನು. ಪಟ್ಟಿ ಅಲ್ಲೇ ಇತ್ತು. ಸೊಸೆ ತನ್ನ ಫೋನನ್ನು ತೆಗೆದು ನೋಡಿದಳು.

"ಹಸಿರೇ ಇದೆ ಅತ್ತೆ."

ಅತ್ತೆ ಬಟಾಣಿಯ ಕೈಯಲ್ಲೇ ಫೋನ್ ಎತ್ತಿಕೊಂಡಳು. ಮಗಳ ಮುಖ ಕಾಣಿಸಿತು, ನಗುತ್ತಿದ್ದ ಮುಖ ಕೂಡಲೇ ಬಾಡಿತು.

"ಅಮ್ಮ, ತಲೆ ಯಾಕೆ ಬಾಚಿಲ್ಲ? ಏನಾಯ್ತು? ಉಸಿರು ಕಟ್ತಿದೆಯಾ?"

"ಏನೂ ಆಗಿಲ್ಲ ಕಣೇ, ಚೆನ್ನಾಗಿದ್ದೀನಿ."

"ಮತ್ತೆ ತಲೆ?"

"ನೀನು ಫೋನ್ ಮಾಡ್ತೀಯ ಅಂತ ನನಗೇನು ಗೊತ್ತಿತ್ತು?"

ಸೊಸೆ ಬಾಚಣಿಗೆ ತರುತ್ತೇನೆಂದು ಎದ್ದು ಒಳಗೆ ಹೋದಳು. ಅದು ಬೀರುವಿನ ಮೇಲೆ ಕಣ್ಣೆದುರಿಗೇ ಇತ್ತು. ಆದರೂ ಅವಳು ಬಹಳ ಹೊತ್ತು ಹುಡುಕಿದಳು.